ಮೇಲಿನ ಕೋರ್ಟಿನ ಚಿಪ್ಪು

ಆ ಪುಟ್ಟ ದ್ವೀಪದ ಎಲ್ಲ ಕೋರ್ಟಿಗೂ ಒಂದೇ ಏಡಿ ನ್ಯಾಯಾಧೀಶ. ಅದು ಸತ್ತ ಬಸವನಹುಳುಗಳ ಚಿಪ್ಪಿನೊಳಗೆ ವಾಸಿಸುತ್ತಿತ್ತು; ಮೇಲಿನ ಕೋರ್ಟಿಗೆ ಹೋಗುವಾಗ ಇನ್ನೂ ದೊಡ್ಡ ಚಿಪ್ಪು ತೊಡುವುದು ಪದ್ಧತಿ.

ತನ್ನ ತಮ್ಮ ಕಾಣೆಯಾಗಿದ್ದಾನೆಂದು ಬಸವನಹುಳುವೊಂದು ದೂರು ಕೊಟ್ಟಿತು.

"ಸಾಕ್ಷಿಯಿಲ್ಲ, ವಜಾ. ಬೇಕಿದ್ದರೆ ಮೇಲ್ಮನವಿ ಸಲ್ಲಿಸಮ್ಮ" ಎಂದಿತು ಏಡಿ.

ಬಸವನಹುಳು ಬಂಡೆಯ ಮೇಲಿದ್ದ ಮೇಲಿನ ಕೋರ್ಟಿಗೆ ತೆವಳಿಕೊಂಡು ಹೋಯಿತು. ಏಡಿ ಆಗಲೇ ದೊಡ್ಡ ಚಿಪ್ಪು ತೊಟ್ಟು ಕೂತಿತ್ತು. ಆ ಚಿಪ್ಪಿನ ಮುರಿದ ಅಂಚು ಬಸವನಹುಳುವಿಗೆ ಚಿಕ್ಕಂದಿನಿಂದ ಗೊತ್ತು.

"ಸ್ವಾಮಿ, ಇದು ನನ್ನ ತಮ್ಮನ ಚಿಪ್ಪು."

"ಕೋರ್ಟಿನ ಉಡುಪಿನ ಬಗ್ಗೆ ಮಾತಾಡುವಂತಿಲ್ಲ. ಮೇಲ್ಮನವಿಯೂ ವಜಾ."

"ಇದಕ್ಕೂ ಮೇಲೆ ಕೋರ್ಟಿಲ್ಲವೇ?"

"ಇದೆಯಮ್ಮ." ಏಡಿ ಇಕ್ಕಳದಂಥ ಕೈ ಚಾಚಿ ಬಸವನಹುಳುವಿನ ಬೆನ್ನನ್ನು ಮೆಲ್ಲಗೆ ಅಳೆಯಿತು. "ಅದಕ್ಕೆ ತಕ್ಕ ಚಿಪ್ಪು ಇವತ್ತಿನವರೆಗೆ ಸಿಕ್ಕಿರಲಿಲ್ಲ."