ಆಟ ತೆಗೆಯಲು ಕುಳಿತ ದರ್ಜಿ

“ಗುರುಗಳೇ, ಹೋದವರ ನೆನಪನ್ನು ತೆಗೆದುಹಾಕುವುದು ಹೇಗೆ?” ಎಂದು ಸುಬ್ರಾಯ ಕೇಳಿದ.

ಅವನು ಶಿಷ್ಯನಾಗಿ ಬಂದು ಹೆಚ್ಚು ದಿನವಾಗಿರಲಿಲ್ಲ. ಬರುವ ಮುಂಚೆ ಅವನ ಅಣ್ಣ ತೀರಿಕೊಂಡಿದ್ದ.

“ಯಾಕೆ ತೆಗೆಯಬೇಕು?” ಎಂದರು ಗುರುಗಳು.

“ಮನಸ್ಸಿನ ತುಂಬ ಅಣ್ಣನ ಸಾವೇ ಇದೆ. ಇರುವವರಿಗೆ ಜಾಗ ಇಲ್ಲ. ಅತ್ತಿಗೆ ಮಾತಾಡಿದರೆ ಕೇಳಿಸುವುದಿಲ್ಲ. ಅಣ್ಣನ ಮಕ್ಕಳು ಬಂದು ತೊಡೆಯ ಮೇಲೆ ಕುಳಿತರೆ ಎತ್ತಿ ಕೆಳಗಿಡುತ್ತೇನೆ. ಹಳೆಯದನ್ನು ತೆಗೆದರೆ ತಾನೆ ಹೊಸದಕ್ಕೆ ಜಾಗ?”

ಗುರುಗಳು ಹಲಸಿನ ಬೀಜ ಸುಲಿಯುತ್ತಿದ್ದರು. ಕೈ ನಿಲ್ಲಿಸಲಿಲ್ಲ. ಈ ಕತೆ ಹೇಳಿದರು.

ಕರಾವಳಿಯ ಒಂದು ಊರಲ್ಲಿ ಒಬ್ಬ ದರ್ಜಿ ಇದ್ದ. ಯಕ್ಷಗಾನದ ವೇಷಕ್ಕೆ ಬಟ್ಟೆ ಹೊಲಿಯುವುದು ಅವನ ಕೆಲಸ. ಹೆಂಡತಿಯ ಹೆಸರು ಜಲಜಾಕ್ಷಿ. ಹೆಂಗಸರ ಮೇಳದಲ್ಲಿ ಹಾಸ್ಯದ ವೇಷ ಅವಳದು. ಅವಳು ರಂಗಕ್ಕೆ ಬಂದರೆ ನಿದ್ದೆ ಹೋದ ಮಕ್ಕಳು ಎದ್ದು ಕೂರುತ್ತಿದ್ದರು. ನಿದ್ದೆ ಹೋದ ಮುದುಕರೂ ಎದ್ದು ಕೂರುತ್ತಿದ್ದರು.

ಆ ಕಡೆ ಯಕ್ಷಗಾನಕ್ಕೆ ಆಟ ಎನ್ನುತ್ತಾರೆ. ಇವತ್ತು ಎಲ್ಲಿ ಆಟ ಎಂದು ಕೇಳಿದರೆ, ಯಾವ ಆಟ ಎಂದು ಯಾರೂ ತಿರುಗಿ ಕೇಳುವುದಿಲ್ಲ.

ಅವರ ಮನೆಯಲ್ಲಿ ಒಂದು ಹಗುರ ಲ್ಯಾಪ್‌ಟಾಪ್ ಇತ್ತು. ಕಾಲೇಜು ಮುಗಿಸಿದವನೊಬ್ಬನಿಂದ ಮಗಳು ಕೊಂಡದ್ದು. ಒಂದು ಕೈಯಲ್ಲಿ ಎತ್ತಬಹುದು. ಅಮ್ಮನ ಆಟವನ್ನು ಮಗಳು ಫೋನಿನಲ್ಲಿ ವಿಡಿಯೊ ಹಿಡಿಯುವಳು, ಆಮೇಲೆ ಲ್ಯಾಪ್‌ಟಾಪಿಗೆ ಹಾಕಿಡುವಳು. ಹಾಕಿಟ್ಟ ಫೋಲ್ಡರಿಗೆ ಆಟ ಎಂದೇ ಹೆಸರು ಕೊಟ್ಟಿದ್ದಳು.

ಜಲಜಾಕ್ಷಿ ತೀರಿಕೊಂಡಳು. ದರ್ಜಿ ಆ ಫೋಲ್ಡರನ್ನು ಮತ್ತೆ ತೆರೆಯಲಿಲ್ಲ. ಹೊಲಿಗೆ ಬಿಡಲಿಲ್ಲ. ನಗು ಬಿಟ್ಟ.

ವರ್ಷ ಕಳೆಯಿತು. ಮೇಳದವರು ಮಗಳ ಹತ್ತಿರ ಬಂದರು. ಅಮ್ಮನ ವೇಷ ಇನ್ನು ನೀನೇ ಮಾಡಬೇಕು ಎಂದರು. ಮಗಳು ಅಪ್ಪನ ಮುಖ ನೋಡಿದಳು.

“ಮಾಡು. ಹಿಡಿದಿಡುವುದು ನನಗಿರಲಿ” ಎಂದ ದರ್ಜಿ.

ಫೋನು ಹಿಡಿಯುವುದನ್ನು ಕಲಿತ. ಹಿಡಿದದ್ದನ್ನು ಲ್ಯಾಪ್‌ಟಾಪಿಗೆ ಹಾಕುವುದನ್ನೂ ಕಲಿತ. ಮನೆಯ ಬೆಕ್ಕನ್ನು ಫೋನಿನಲ್ಲಿ ಹಿಡಿದು, ಒಮ್ಮೆ ಹಾಕಿ ನೋಡಿದ. ಜಾಗ ಇಲ್ಲ ಎಂದು ಬಂತು. ಒಂದು ಬೆಕ್ಕಿಗೇ ಜಾಗ ಇಲ್ಲ. ಮಗಳ ಮೊದಲ ಆಟವನ್ನು ಎಲ್ಲಿ ಇಡುವುದು?

ಆಟದ ದಿನ ಬೆಳಿಗ್ಗೆ ಲ್ಯಾಪ್‌ಟಾಪನ್ನು ಬಟ್ಟೆಯಲ್ಲಿ ಸುತ್ತಿ ರಿಪೇರಿ ಅಂಗಡಿಗೆ ಹೋದ. ಅಂಗಡಿಯವನು ಗದಗದ ಕಡೆಯಿಂದ ಬಂದವನು. ತೆರೆದು ನೋಡಿದ.

“ಇದು ಹಗುರ ಮಾಲು ನೋಡ್ರಿ ಯಜಮಾನ್ರ. ಹೊಟ್ಟಿ ಸಣ್ಣದು. ಇದರಾಗ ಆಟ ಭಾಳ ತುಂಬ್ಯಾವು. ತಗದು ಒಗೀರಿ, ಜಾಗ ಆಗ್ತದ.”

“ಎಲ್ಲ ಆಟವನ್ನೂ?”

“ಎಲ್ಲಾನೂ ರೀ. ಈ ವಯಸ್ಸಿನ್ಯಾಗ ಆಟ ಇಟ್ಕೊಂಡು ಏನ್ ಮಾಡ್ತೀರಿ?”

ಅಂಗಡಿಯವನು ಹೇಳಿದ್ದು ಇಸ್ಪೀಟು, ಬಸ್ಸು ಓಡಿಸುವುದು, ಹಕ್ಕಿಗೆ ಗುರಿಯಿಡುವುದು, ಇಂಥವನ್ನು. ಲ್ಯಾಪ್‌ಟಾಪನ್ನು ಮಾರಿದವನು ಅವನ್ನೆಲ್ಲ ತುಂಬಿಟ್ಟು ಹೋಗಿದ್ದ. ಕರಾವಳಿಯವರು ಅವಕ್ಕೆ ಗೇಮು ಎನ್ನುತ್ತಾರೆ. ದರ್ಜಿಗೆ ಆಟ ಎಂದರೆ ಒಂದೇ. ಹೇಳಿದವನದು ತಪ್ಪಲ್ಲ. ಕೇಳಿಸಿಕೊಂಡವನದೂ ತಪ್ಪಲ್ಲ.

ದರ್ಜಿ ಲ್ಯಾಪ್‌ಟಾಪನ್ನು ಮತ್ತೆ ಬಟ್ಟೆಯಲ್ಲಿ ಸುತ್ತಿಕೊಂಡು ಮನೆಗೆ ಬಂದ.

ಹೆಂಡತಿಯ ಆಟ ಇದ್ದರೆ ಮಗಳ ಆಟಕ್ಕೆ ಜಾಗ ಇಲ್ಲ. ಮಗಳನ್ನು ಕೇಳುವ ಹಾಗಿಲ್ಲ. ಕೇಳಿದರೆ, ನನ್ನದು ಬೇಡ, ಅಮ್ಮನದು ಇರಲಿ ಎಂದಾಳು. ಮೊದಲ ವೇಷ ಕಟ್ಟುವವಳ ಬಾಯಲ್ಲಿ ಅಂಥ ಮಾತು ಬರಬಾರದು. ಹೋದವಳು ಹೋದಳು, ಇರುವವಳಿಗೆ ಜಾಗ ಮಾಡಬೇಕು ಎಂದುಕೊಂಡ. ಸುಬ್ರಾಯ, ನೀನು ಈಗ ಹೇಳಿದೆಯಲ್ಲ, ಹಾಗೆಯೇ.

ಮಗಳು ಅಭ್ಯಾಸಕ್ಕೆ ಹೋಗಿದ್ದಳು. ದರ್ಜಿ ಬಾಗಿಲು ಹಾಕಿದ. ಫೋಲ್ಡರ್ ತೆರೆದ. ಮೊದಲನೆಯದನ್ನು ನೋಡಲೂ ಇಲ್ಲ. ಮುಖ ಆಚೆ ತಿರುಗಿಸಿ ಅಳಿಸಿದ.

ಎಷ್ಟು ಜಾಗವಾಯಿತು ಎಂದು ನೋಡಿದ. ಸ್ವಲ್ಪವೂ ಆಗಿರಲಿಲ್ಲ.

“ಹೋದರೂ ಜಾಗ ಬಿಡುವವಳಲ್ಲ ಇವಳು” ಎಂದ.

ಎರಡನೆಯದರ ಮೇಲೆ ಬೆರಳಿಟ್ಟ. ಒಮ್ಮೆ ನೋಡಿ ಅಳಿಸೋಣ ಎನಿಸಿತು. ಒತ್ತಿದ.

ಜಲಜಾಕ್ಷಿ ದೂತನ ವೇಷದಲ್ಲಿ ಕುಣಿಯುತ್ತ ಬಂದಳು. ಅಂಗಿಯ ಒಂದು ತೋಳು ಉದ್ದ, ಒಂದು ಗಿಡ್ಡ. ರಾಜನ ವೇಷದವಳು ಕೇಳಿದಳು.

“ದೂತನೇ, ಏನಿದು ನಿನ್ನ ಅಂಗಿ?”

“ಹೊಲಿದವರು ಮನೆಯವರೇ ಸ್ವಾಮಿ. ಕೂಲಿ ಕೇಳುವುದಿಲ್ಲ. ಅಳತೆಯನ್ನೂ ಕೇಳುವುದಿಲ್ಲ.”

ಸಭೆ ಹೋ ಎಂದಿತು. ಜಲಜಾಕ್ಷಿ ಬಿಡಲಿಲ್ಲ. ಆ ದಿನ ಸಭೆಯಲ್ಲಿ ದರ್ಜಿ ಕುಳಿತಿದ್ದ ಕಡೆಗೇ ಗಿಡ್ಡ ತೋಳು ಚಾಚಿದಳು.

“ಅಗೋ ಸ್ವಾಮಿ, ಅಲ್ಲಿ ನಗುತ್ತಿದ್ದಾರಲ್ಲ, ಅವರೇ. ಆ ಬಾಯಿಗೆ ನಮ್ಮ ಮನೆಯ ಅಳತೆಪಟ್ಟಿ ಸಾಲುವುದಿಲ್ಲ.”

ದರ್ಜಿಗೆ ನಗು ಬಂತು. ತಡೆದು ನೋಡಿದ. ತಡೆಯಲಾಗಲಿಲ್ಲ. ನಕ್ಕ. ಬಾಗಿ ನಕ್ಕ. ಗೋಡೆ ಹಿಡಿದು ನಕ್ಕ. ಇನ್ನೊಂದು ಆಟ ಹಾಕಿದ. ಅದಕ್ಕೂ ನಕ್ಕ. ಮತ್ತೊಂದು ಹಾಕಿದ. ಅಳಿಸಬೇಕಾದದ್ದು ಮರೆತೇ ಹೋಯಿತು.

ಮಗಳು ಬಂದಾಗ ಈ ನಗು ಅಂಗಳದವರೆಗೂ ಕೇಳಿಸುತ್ತಿತ್ತು. ಅವಳು ಚಪ್ಪಲಿ ಬಿಡದೆ ಅಲ್ಲೇ ನಿಂತಳು. ಯಾರೋ ನೆಂಟರು ಬಂದಿರಬೇಕು ಎಂದುಕೊಂಡಳು. ಆಮೇಲೆ ಅಪ್ಪನ ನಗು ಎಂದು ಗುರುತು ಸಿಕ್ಕಿತು. ಓಡಿಬಂದು ಬಾಗಿಲು ತಟ್ಟಿ ತೆಗೆಸಿದಳು.

“ಎಂತ ಮಾಡ್ತಾ ಇದ್ದೀರಿ ಅಪ್ಪ?”

“ಆಟ ತೆಗೀತಾ ಇದ್ದೇನೆ. ನಿನ್ನದಕ್ಕೆ ಜಾಗ ಬೇಕಲ್ಲ? ಎಲ್ಲ ಆಟವನ್ನೂ ತೆಗೆಯಿರಿ ಎಂದ ಅಂಗಡಿಯವ.”

ಮಗಳು ಲ್ಯಾಪ್‌ಟಾಪ್ ನೋಡಿದಳು. ಅಪ್ಪನನ್ನು ನೋಡಿದಳು. ನೆಲದ ಮೇಲೆ ಕುಸಿದು ಕುಳಿತು ನಗತೊಡಗಿದಳು.

“ಅಯ್ಯೋ ಮಾರಾಯ್ರೇ! ಅವರು ಹೇಳಿದ್ದು ಗೇಮು! ಅಮ್ಮನ ಆಟ ಅಲ್ಲ!”

ದರ್ಜಿಯ ನಗು ನಿಂತಿತು.

“ಒಂದನ್ನು ತೆಗೆದುಬಿಟ್ಟೆನಲ್ಲ ಮಗಾ.”

“ಎಲ್ಲಿಗೂ ಹೋಗಿಲ್ಲ. ಅಳಿಸಿದ್ದು ಮೊದಲು ಇದರ ಕಸದ ಬುಟ್ಟಿಗೆ ಹೋಗ್ತದೆ. ಬುಟ್ಟಿ ಚೆಲ್ಲುವವರೆಗೆ ಅಲ್ಲೇ ಇರ್ತದೆ. ಅದಕ್ಕೇ ಜಾಗ ಆಗದ್ದು.”

ಬುಟ್ಟಿ ತೆರೆದಳು. ಅಮ್ಮನ ಆಟ ಇತ್ತು. ಎತ್ತಿ ಇದ್ದಲ್ಲಿಗೇ ಇಟ್ಟಳು. ದರ್ಜಿ ಉಸಿರು ಬಿಟ್ಟ.

“ನಿನ್ನ ಅಮ್ಮನನ್ನು ಕಸದ ಬುಟ್ಟಿಗೆ ಹಾಕಿದೆನಲ್ಲ! ಗೊತ್ತಾಗಿದ್ದರೆ ಬಿಡ್ತಿದ್ದಳಾ?”

“ಮನೆಯಲ್ಲಿ ಏನೂ ಹೇಳ್ತಿರಲಿಲ್ಲ. ರಂಗದಲ್ಲಿ ಹೇಳ್ತಿದ್ದಳು.”

ಇಬ್ಬರೂ ಕುಳಿತು ಗೇಮು ತೆಗೆದರು. ಒಂದೊಂದಕ್ಕೂ ದರ್ಜಿ, “ಇದು ಯಾರಿಗೆ ಬೇಕು?” ಎಂದು ಕೇಳುವನು. “ಯಾರಿಗೂ ಬೇಡ” ಎಂದು ಮಗಳು ಒತ್ತುವಳು. ಇಸ್ಪೀಟು ಹೋಯಿತು. ಹಕ್ಕಿಗೆ ಗುರಿಯಿಡುವುದು ಹೋಯಿತು. ದೊಡ್ಡ ಜಾಗ ಹಿಡಿದಿದ್ದದ್ದು ಬಸ್ಸು. ಅದು ಹೋದ ಕೂಡಲೇ ಮಗಳು ಚಪ್ಪಾಳೆ ತಟ್ಟಿದಳು. ಅವಳ ಆಟಕ್ಕೆ ಜಾಗ ಆಗಿತ್ತು. ಮುಂದೆ ಮಾಡುವ ಆಟಗಳಿಗೂ ಆಗಿತ್ತು.

ಸಂಜೆ ಆಟ ಶುರುವಾಯಿತು. ದರ್ಜಿ ಮುಂದಿನ ಸಾಲಿನಲ್ಲಿ ಕುಳಿತು ಫೋನು ಹಿಡಿದ. ಮಗಳು ದೂತನ ವೇಷದಲ್ಲಿ ಬಂದಳು. ಮೊದಲು ಹೆಜ್ಜೆ ತಪ್ಪಿತು. ಮಾತು ಎರಡು ಸಲ ತೊದಲಿತು. ಸಭೆ ನಗಲಿಲ್ಲ.

ರಾಜನ ವೇಷದವಳು ಅವಳನ್ನು ಮಾತಿಗೆ ಎಳೆದಳು.

“ದೂತನೇ, ಯಾಕೆ ಇಷ್ಟು ತಡ?”

ಮಗಳು ಅಪ್ಪನನ್ನು ನೋಡಿದಳು.

“ಏನು ಹೇಳಲಿ ಸ್ವಾಮಿ! ನಮ್ಮ ಮನೆಯಲ್ಲಿ ಒಬ್ಬರು ಬಸ್ಸನ್ನು ಒಳಗೆ ಇಟ್ಟುಕೊಂಡು ನನ್ನ ಅಮ್ಮನನ್ನು ಹೊರಗೆ ಹಾಕುತ್ತಿದ್ದರು. ಬಸ್ಸನ್ನು ದೂಡಿ ಹೊರಗೆ ಹಾಕಿ ಬರುವಾಗ ತಡವಾಯಿತು.”

ಸಭೆಗೆ ಏನೂ ಅರ್ಥವಾಗಲಿಲ್ಲ. ಒಬ್ಬನೇ ಒಬ್ಬ ನಕ್ಕ. ಅವನ ನಗು ನೋಡಿ ಪಕ್ಕದವನು ನಕ್ಕ. ಜಲಜಾಕ್ಷಿ ಹೋದ ಮೇಲೆ ದರ್ಜಿ ನಕ್ಕದ್ದನ್ನು ಊರಿನವರು ನೋಡಿರಲಿಲ್ಲ. ನೋಡಿದವರೆಲ್ಲ ನಕ್ಕರು. ಮಗಳ ಹೆಜ್ಜೆ ಸರಿಹೋಯಿತು. ಆಮೇಲೆ ಅವಳನ್ನು ಹಿಡಿಯುವವರು ಇರಲಿಲ್ಲ.

ಮನೆಗೆ ಬಂದು ಲ್ಯಾಪ್‌ಟಾಪಿಗೆ ಹಾಕಿ ನೋಡಿದರು. ಚಿತ್ರ ಕುಲುಕುತ್ತಿತ್ತು. ಮಗಳ ಮಾತು ಅರ್ಧ ಕೇಳಿಸಲಿಲ್ಲ. ದರ್ಜಿಯ ನಗು ಪೂರ್ತಿ ಕೇಳಿಸಿತು.

“ನಿಮ್ಮನ್ನೇ ಹಿಡಿದುಕೊಂಡಿದ್ದೀರಿ ಅಪ್ಪ” ಎಂದಳು ಮಗಳು. ಅಮ್ಮನ ಆಟಗಳ ಜೊತೆಗೇ ಅದನ್ನೂ ಇಟ್ಟಳು.

ಗುರುಗಳು ಕತೆ ಮುಗಿಸಿದರು. ಸುಬ್ರಾಯನೂ ನಗುತ್ತಿದ್ದ. ನಗುತ್ತಲೇ ಕೇಳಿದ.

“ಹಾಗಾದರೆ ನಾನು ಏನನ್ನು ತೆಗೆಯಲಿ ಗುರುಗಳೇ?”

“ಅದಿರಲಿ, ನಿನ್ನ ಅಣ್ಣ ನಿನ್ನನ್ನು ಏನೆಂದು ರೇಗಿಸುತ್ತಿದ್ದ?”

ಸುಬ್ರಾಯ ಒಂದು ಹಲಸಿನ ಬೀಜ ಎತ್ತಿಕೊಂಡು, ಸುಲಿಯುತ್ತ ಹೇಳತೊಡಗಿದ.