ಚೆಲ್ಲದ ನೀರು

“ಮೂರು ಸಲ ಕ್ಷಮೆ ಕೇಳಿದೆ, ಗುರುಗಳೇ. ಅಣ್ಣ ಇನ್ನೂ ಮುಖ ಕೊಟ್ಟು ಮಾತಾಡುತ್ತಿಲ್ಲ. ಇನ್ನೆಷ್ಟು ಸಲ ಕೇಳಲಿ?”

ಶಿಷ್ಯನ ದನಿಯಲ್ಲಿ ಸಿಡುಕಿತ್ತು. ಗುರುಗಳು ಅವನಿಗೆ ಕೂರಲು ಹೇಳಿ ಈ ಕತೆ ಹೇಳಿದರು.

ಒಬ್ಬ ರೈತನ ಹಿತ್ತಲಲ್ಲಿ ಚಕ್ಕೋತದ ಮರವಿತ್ತು. ಅವನ ಹೆಂಡತಿ ಹಣ್ಣಿನ ಸಿಪ್ಪೆಯನ್ನೂ ಬಿಸಾಡುತ್ತಿರಲಿಲ್ಲ. ಅದನ್ನು ಬೇಯಿಸಿ, ಸಕ್ಕರೆ ಪಾಕಕ್ಕೆ ಹಾಕಿ, ಒಣಗಿಸಿ ಮಿಠಾಯಿ ಮಾಡುತ್ತಿದ್ದಳು. ಒಮ್ಮೆ ಬಂದ ನೆಂಟರ ಮುಂದೆ ಒಂದು ತಟ್ಟೆ ತಂದಿಟ್ಟಳು. ರೈತ ನಕ್ಕು, “ತಿನ್ನಿ, ತಿನ್ನಿ. ನಮ್ಮ ಮನೆಯಲ್ಲಿ ಹಸುವಿಗೂ ಸಿಪ್ಪೆಯೇ, ನೆಂಟರಿಗೂ ಸಿಪ್ಪೆಯೇ” ಎಂದ. ನೆಂಟರೂ ನಕ್ಕರು. ಮರುದಿನ ಹೆಂಡತಿ ತವರಿಗೆ ಹೋದಳು.

ಹದಿನೈದು ದಿನವಾದರೂ ಬರಲಿಲ್ಲ. ಹೇಳಿ ಕಳಿಸಿದರೂ ಬರಲಿಲ್ಲ. ಆ ಮಿಠಾಯಿಯನ್ನು ತಾನೇ ಮಾಡಿ ಕೊಂಡೊಯ್ದರೆ ಅವಳ ಮನಸ್ಸು ಕರಗೀತು ಎಂದು ರೈತನಿಗೆ ಹೊಳೆಯಿತು. ಸಿಪ್ಪೆ ತಾನೆ, ಅದರಲ್ಲೇನು ಮಹಾ!

ಹೆಚ್ಚುವಾಗಲೇ ಬೆರಳು ಕೊಯ್ದುಕೊಂಡ. ಒಲೆ ಎರಡು ಸಲ ಆರಿತು. ಹೊಗೆಗೆ ಕಣ್ಣಲ್ಲಿ ನೀರು ಸುರಿಯಿತು. ಅಂತೂ ಸಿಪ್ಪೆ ಬೆಂದಿತು. ಬೇಲಿಯಾಚೆಯಿಂದ ಪಕ್ಕದ ಮನೆಯ ಮುದುಕಿ ಕೂಗಿದಳು: “ಆ ನೀರು ಬಸಿದು ಚೆಲ್ಲಪ್ಪಾ. ಹೊಸ ನೀರಲ್ಲಿ ಮತ್ತೆ ಬೇಯಿಸು. ಹಾಗೆ ಮೂರು ಸಲ ಚೆಲ್ಲಬೇಕು.”

“ನಿನ್ನ ಕೆಲಸ ನೋಡಿಕೋ ಅಜ್ಜಿ” ಎಂದ ರೈತ.

ನೀರು ಘಮಘಮ ಎನ್ನುತ್ತಿತ್ತು. ಹಣ್ಣಿನ ಸಾರವೆಲ್ಲ ಅದರಲ್ಲೇ ಇಳಿದಿದೆ. ಅಂಥದ್ದನ್ನು ಮೋರಿಗೆ ಸುರಿಯಲು ತನಗೇನು ತಲೆ ಕೆಟ್ಟಿದೆಯೇ? ಅದೇ ನೀರಿಗೆ ಸಕ್ಕರೆ ಹಾಕಿ ಪಾಕಕ್ಕಿಟ್ಟ.

ಒಂದು ಚೂರು ತೆಗೆದು ಬಾಯಿಗೆ ಹಾಕಿಕೊಂಡ. ಕಹಿ. ಒಂದು ಸೇರು ಸಕ್ಕರೆ ಸುರಿದ. ಮತ್ತೂ ಕಹಿ. ಇನ್ನೊಂದು ಸೇರು ಸುರಿದ. ಮನೆಯ ಸಕ್ಕರೆ ಮುಗಿಯಿತು. ಅಂಗಡಿಗೆ ಓಡಿ ತಂದು ಅದನ್ನೂ ಸುರಿದ. “ಇನ್ನೂ ಎಷ್ಟು ನುಂಗ್ತೀಯೆ, ಹಾಳಾದ್ದೇ!” ಎಂದು ಪಾತ್ರೆಯನ್ನು ಬೈದ. ರುಚಿ ನೋಡಿ ನೋಡಿ ಕೊನೆಗೆ ಅವನ ನಾಲಗೆಗೆ ಏನೂ ತಿಳಿಯದಂತಾಯಿತು. ಈಗ ಸರಿಹೋಯಿತು ಎಂದುಕೊಂಡ.

ಎರಡು ದಿನ ಬಿಸಿಲಲ್ಲಿ ಒಣಗಿಸಿ, ಡಬ್ಬಿಗೆ ತುಂಬಿಕೊಂಡು ಹೆಂಡತಿಯ ತವರಿಗೆ ನಡೆದ. ಅವಳು ಜಗಲಿಗೆ ಬಂದಳು. ಡಬ್ಬಿ ನೋಡಿ ಅವಳ ಮುಖ ಸ್ವಲ್ಪ ಸಡಿಲಾಯಿತು. ಒಂದು ಚೂರು ಬಾಯಿಗೆ ಹಾಕಿಕೊಂಡು ಅಗಿದಳು.

“ಸಕ್ಕರೆ ಎಷ್ಟು ಹಾಕಿದಿರಿ?”

“ನಾಲ್ಕು ಸೇರು! ಮನೆಯದೂ ಆಯಿತು, ಅಂಗಡಿಯದೂ ಆಯಿತು.”

“ಬೇಯಿಸಿದ ನೀರು?”

“ಅದನ್ನು ಯಾಕೆ ಚೆಲ್ಲಲಿ? ಅದರಲ್ಲೇ ಪಾಕ ಮಾಡಿದೆ. ಒಂದು ತೊಟ್ಟೂ ಚೆಲ್ಲಿಲ್ಲ.”

ಹೆಂಡತಿ ಬಾಯಲ್ಲಿದ್ದುದನ್ನು ಅಂಗಳಕ್ಕೆ ಉಗಿದಳು. ಡಬ್ಬಿಯನ್ನು ಅವನ ಕೈಗೆ ಕೊಟ್ಟು ಒಳಗೆ ಹೋದಳು. ರೈತ ಬಂದ ದಾರಿಯಲ್ಲೇ ಒಬ್ಬನೇ ಮರಳಿದ. ನಾಲ್ಕು ಸೇರು ಸಕ್ಕರೆ ಹಾಕಿದರೂ ಇವಳಿಗೆ ಸಾಲದಲ್ಲ ಎಂದು ದಾರಿಯುದ್ದಕ್ಕೂ ಗೊಣಗಿದ.

ಗುರುಗಳು ಅಲ್ಲಿಗೆ ನಿಲ್ಲಿಸಿದರು. ಶಿಷ್ಯನಿಗೆ ರೇಗಿತು.

“ಆ ನೀರು ಚೆಲ್ಲಿದ್ದರೆ ಮುಗಿಯುತ್ತಿತ್ತು. ಅಷ್ಟೂ ತಿಳಿಯದ ದಡ್ಡ ಅವನು. ಅವನ ಕತೆ ನನಗೇಕೆ, ಗುರುಗಳೇ?”

ಗುರುಗಳು ಕೇಳಿದರು: “ಅಣ್ಣನಿಗೆ ‘ತಪ್ಪಾಯಿತು’ ಎಂದೆಯಲ್ಲ, ಅದರ ಬೆನ್ನಿಗೇ ‘ಆದರೂ’ ಎಂದು ಏನು ಹೇಳಿದೆ?”