ತೋರುಗಿಡ ಎಲೆ ಮುಚ್ಚಿದ್ದೇಕೆ?

ಒಂದು ಕಾಡಿನಲ್ಲಿ, ಹಳ್ಳ ಎರಡಾಗಿ ಕವಲೊಡೆಯುವ ಜಾಗದಲ್ಲಿ, ತೋರುಗಿಡ ಎಂಬ ಗಿಡವಿತ್ತು. ಅಂಥದ್ದು ಮತ್ತೆಲ್ಲೂ ಇರಲಿಲ್ಲ. ಅದರ ಮುಂದೆ ನಿಂತು, ಕಳೆದುಹೋದದ್ದು ಎಲ್ಲಿದೆ ಎಂದು ಕೇಳಿದರೆ ಸಾಕು, ಎಲೆಗಳೆಲ್ಲ ಮೆಲ್ಲಗೆ ಹೊರಳಿ ಒಂದೇ ದಿಕ್ಕಿಗೆ ತುದಿ ಚಾಚುತ್ತಿದ್ದವು. ಆ ದಿಕ್ಕು ಹಿಡಿದು ಹೋದವರಿಗೆ ಕಳೆದದ್ದು ಸಿಗುತ್ತಿತ್ತು. ಗಿಡಕ್ಕೆ ಕಿವಿ ಎಲ್ಲಿತ್ತು, ಅದಕ್ಕೆ ಹೇಗೆ ತಿಳಿಯುತ್ತಿತ್ತು ಎಂದು ನನ್ನನ್ನು ಕೇಳಬೇಡಿ. ಆ ಕಾಡಿನಲ್ಲೂ ಯಾರಿಗೂ ಗೊತ್ತಿರಲಿಲ್ಲ.

ಗಿಡವನ್ನು ಮೊದಲು ಕಂಡದ್ದು ಬೂದಣ್ಣ ಎಂಬ ನರಿ. ಕಂಡವನು ಸುಮ್ಮನಿದ್ದಾನೆಯೇ? ಅದರ ಬುಡದಲ್ಲೇ ಠಿಕಾಣಿ ಹೂಡಿದ. ಕೇಳಲು ಬಂದವರಿಗೆಲ್ಲ ಒಂದು ನಿಯಮ ಹೇಳಿದ. ತೋರುಗಿಡವು 'ಮುಟ್ಟಿದರೆ ಮುನಿ' ಗಿಡದ ಅಕ್ಕನಂತೆ. ಅದಕ್ಕೆ ವಿಪರೀತ ನಾಚಿಕೆಯಂತೆ. ಕೆಲಸ ಮಾಡುವಾಗ ಯಾರಾದರೂ ನೋಡಿದರೆ ಒಣಗಿಯೇ ಹೋಗುತ್ತದಂತೆ. ಆದ್ದರಿಂದ ಎಲ್ಲರೂ ಬೆನ್ನು ತಿರುಗಿಸಿ ಕಣ್ಣು ಮುಚ್ಚಿ ನಿಲ್ಲಬೇಕು, ಪ್ರಶ್ನೆಯನ್ನು ಬೂದಣ್ಣನೇ ಕೇಳಿ ಉತ್ತರ ಹೇಳುತ್ತಾನೆ. ಬರುವಾಗ ಮಾತ್ರ ಅವನಿಗೆ ತಿನ್ನಲು ಏನಾದರೂ ತರಬೇಕು.

ಪ್ರಾಣಿಗಳು ನಂಬಿದವು. ಅಳಿಲು ಹಣ್ಣು ತಂದಿತು, ಕಾಡುಹಂದಿ ಗೆಡ್ಡೆ ತಂದಿತು. ತಂದು, ಕಣ್ಣು ಮುಚ್ಚಿ ನಿಂತವು. ಬೂದಣ್ಣನ ಹೊಟ್ಟೆ ತುಂಬಿತು. ಆದರೆ ನಾಲಿಗೆಯ ಚಪಲ ತೀರಲಿಲ್ಲ.

ಗಿಡದ ಮೇಲಿನ ಮರದಲ್ಲಿ ಕಣ್ಣವ್ವ ಎಂಬ ಕಾಡುಪಾಪ ವಾಸವಾಗಿದ್ದಳು. ಕಾಡುಪಾಪಗಳು ಹಗಲೆಲ್ಲ ಮಲಗುವ ಜಾತಿ. ಆದರೆ ತಲೆಯಲ್ಲಿ ಹುಳ ಹೊಕ್ಕವರಿಗೆ ನಿದ್ದೆ ಎಲ್ಲಿಂದ ಬರಬೇಕು? ನಾಚಿಕೆಯ ಗಿಡ ನರಿಯ ಮುಂದೆ ಮಾತ್ರ ಯಾಕೆ ನಾಚುವುದಿಲ್ಲ? ಅದೇ ಅವಳ ಹುಳ. ಒಂದು ಸಂಜೆ ಬೂದಣ್ಣ ನೀರು ಕುಡಿಯಲು ಹೋದಾಗ ಅವಳು ಕೆಳಗಿಳಿದಳು. ತನ್ನ ಎರಡು ದೊಡ್ಡ ಕಣ್ಣು ಬಿಟ್ಟುಕೊಂಡೇ, ನಿನ್ನೆ ಕೈತಪ್ಪಿದ ಜೀರುಂಡೆ ಎಲ್ಲಿದೆ ಎಂದು ಕೇಳಿದಳು. ಎಲೆಗಳು ಹೊರಳಿ ಹಳ್ಳದ ಕಡೆ ತೋರಿಸಿದವು. ಗಿಡ ಒಣಗಲಿಲ್ಲ.

ಕಣ್ಣವ್ವನಿಗೆ ಖುಷಿಯಾಯಿತು. ತಾನು ಮಲಗುವ ಕೊಂಬೆ ಎಲ್ಲಿದೆ ಎಂದು ತಮಾಷೆಗೆ ಕೇಳಿದಳು. ಎಲೆಗಳೆಲ್ಲ ಮಡಚಿಕೊಂಡವು. ನನ್ನ ಬಾಲ ಎಲ್ಲಿದೆ ಎಂದಳು. ಕಾಡುಪಾಪಕ್ಕೆ ಬಾಲವೇ ಇಲ್ಲ, ಅದು ಅವಳಿಗೂ ಗೊತ್ತು. ಎಲೆಗಳು ಮತ್ತೆ ಮಡಚಿಕೊಂಡವು. ಹೀಗೆ ಕೇಳಿ ಕೇಳಿ ಅವಳು ಒಂದು ಸಂಗತಿ ಕಂಡುಹಿಡಿದಳು. ಉತ್ತರ ಮೊದಲೇ ಗೊತ್ತಿದ್ದು ಕೇಳಿದರೆ ತೋರುಗಿಡ ಎಲೆ ಮುಚ್ಚಿಬಿಡುತ್ತದೆ. ಇದನ್ನೆಲ್ಲ ಅವಳು ಅಳಿಲಿಗೂ ಹಂದಿಗೂ ಹೇಳಿದಳು. ಇವಳದ್ದು ಯಾವಾಗಲೂ ಇದ್ದದ್ದೇ ಎಂದು ಇಬ್ಬರೂ ಕಿವಿಗೆ ಹಾಕಿಕೊಳ್ಳಲಿಲ್ಲ.

ಮರುದಿನ ಬೆಳಿಗ್ಗೆ ಕೆಂಪವ್ವ ಎಂಬ ಕಾಡುಕೋಳಿ ಏದುಸಿರು ಬಿಡುತ್ತಾ ಓಡಿಬಂದಳು. ಅವಳ ಏಳು ಮರಿಗಳಲ್ಲಿ ಒಂದು ಕಾಣುತ್ತಿರಲಿಲ್ಲ. ಕೊಡಲು ಕೈಯಲ್ಲಿ ಏನೂ ಇರಲಿಲ್ಲ, ಕಣ್ಣಲ್ಲಿ ನೀರಿತ್ತು.

"ಬೂದಣ್ಣ, ನಿನ್ನ ಕಾಲಿಗೆ ಬೀಳ್ತೀನಿ. ನನ್ನ ಮರಿ ಎಲ್ಲಿದೆ ಕೇಳಣ್ಣ."

"ಅಳಬೇಡ ತಂಗಿ. ನಿನ್ನ ಹತ್ತಿರ ನಾನೇನೂ ತಗೊಳ್ಳಲ್ಲ," ಎಂದ ಬೂದಣ್ಣ. ಅಂದು ಅವನಿಗೆ ಎಲ್ಲಿಲ್ಲದ ಔದಾರ್ಯ.

ಕೆಂಪವ್ವ ಬೆನ್ನು ತಿರುಗಿಸಿ ಕಣ್ಣು ಮುಚ್ಚಿದಳು. ಗೆಡ್ಡೆ ಹಿಡಿದು ಸರದಿಗೆ ಕಾಯುತ್ತಿದ್ದ ಕಾಡುಹಂದಿಯೂ ಮುಚ್ಚಿತು. ಬೂದಣ್ಣ ಗಟ್ಟಿಯಾಗಿ, ಕೆಂಪವ್ವನ ಮರಿ ಎಲ್ಲಿದೆ ಎಂದು ಕೇಳಿದ. ಎಲೆಗಳು ಹೊರಳಲಿಲ್ಲ. ಒಂದೊಂದಾಗಿ ಎಲ್ಲವೂ ಮಡಚಿಕೊಂಡವು. ಯಾಕೆಂದು ಬೂದಣ್ಣನಿಗೆ ತಿಳಿಯಲಿಲ್ಲ, ಅವನಿಗೆ ಬೇಕಾಗಿಯೂ ಇರಲಿಲ್ಲ. ಮರಿ ಮೂರನೆಯ ಗುಡ್ಡದಾಚೆ ಇದೆ, ಈಗಲೇ ಹೊರಟರೆ ಸಂಜೆಗೆ ಸಿಗುತ್ತದೆ, ಉಳಿದ ಆರು ಮರಿಗಳನ್ನು ನಾನು ನೋಡಿಕೊಳ್ಳುತ್ತೇನೆ ಎಂದ.

ಇದನ್ನೆಲ್ಲ ಕಣ್ಣವ್ವ ಮೇಲೆ ಕೊಂಬೆಯಿಂದ ನೋಡುತ್ತಿದ್ದಳು. ಎಲೆ ಮುಚ್ಚಿತು ಎಂದರೆ, ಮರಿ ಎಲ್ಲಿದೆ ಎಂದು ಕೇಳಿದವನಿಗೆ ಗೊತ್ತಿದೆ. ಗೊತ್ತಿದ್ದೂ ತಾಯಿಯನ್ನು ದೂರ ಕಳಿಸುತ್ತಿದ್ದಾನೆ. ಅವಳು ಸರಸರನೆ ಇಳಿದು ಬಂದಳು.

"ಕೆಂಪವ್ವ, ಹೋಗಬೇಡ. ಕಣ್ಣು ಬಿಟ್ಟು ನೀನೇ ಒಂದು ಸಲ ಕೇಳು."

"ಗಿಡ ಒಣಗಿಹೋಗುತ್ತೆ," ಎಂದು ಬೂದಣ್ಣ ಗದರಿದ. "ಆಮೇಲೆ ಮರಿಯೂ ಇಲ್ಲ, ಗಿಡವೂ ಇಲ್ಲ. ಆ ಪಾಪ ಯಾರಿಗೆ?"

ಕೆಂಪವ್ವ ಇಕ್ಕಟ್ಟಿಗೆ ಸಿಕ್ಕಿದಳು. ಒಂದು ಕಡೆ ಕಾಡಿಗೆಲ್ಲ ಬೇಕಾದ ಗಿಡ, ಇನ್ನೊಂದು ಕಡೆ ಕಳೆದುಹೋದ ಮರಿ. ಕೊನೆಗೆ ತಾಯಿಯ ಮನಸ್ಸು ತಡೆಯಲಿಲ್ಲ. ತಿರುಗಿದಳು, ಕಣ್ಣು ಬಿಟ್ಟಳು, ಕೇಳಿದಳು.

ಮಡಚಿದ್ದ ಎಲೆಗಳು ಬಿಚ್ಚಿಕೊಂಡವು. ಬಿಚ್ಚಿಕೊಂಡು, ಹೊರಳಿ, ಹತ್ತೇ ಹೆಜ್ಜೆ ದೂರದ ಬೂದಣ್ಣನ ಬಿಲದ ಕಡೆಗೆ ತುದಿ ಚಾಚಿದವು. ಬಿಲದ ಬಾಯಿಗೆ ಒಂದು ಕಲ್ಲು ಅಡ್ಡವಿತ್ತು. ಕಾಡುಹಂದಿ ಮೂತಿಯಿಂದ ಕಲ್ಲು ಉರುಳಿಸಿತು. ಒಳಗಿಂದ ಮರಿ ಕೀಚ್ ಕೀಚ್ ಎನ್ನುತ್ತಾ ಓಡಿಬಂದು ತಾಯಿಯ ರೆಕ್ಕೆಯಡಿ ನುಗ್ಗಿತು. ಒಂದನ್ನು ಬಚ್ಚಿಟ್ಟು, ತಾಯಿ ಹುಡುಕಲು ಹೋದಾಗ ಏಳನ್ನೂ ನುಂಗುವುದು ನರಿಯ ಲೆಕ್ಕಾಚಾರವಾಗಿತ್ತು. ಇಷ್ಟು ದಿನ ಗೆಡ್ಡೆ ತಂದುಕೊಟ್ಟ ಸಿಟ್ಟೂ ಸೇರಿ, ಹಂದಿ ಅವನನ್ನು ಕಾಡಿನ ಗಡಿಯವರೆಗೆ ಅಟ್ಟಿಸಿಕೊಂಡು ಹೋಯಿತು.

ಅಂದಿನಿಂದ ಎಲ್ಲರೂ ಕಣ್ಣು ಬಿಟ್ಟು ತಾವೇ ಕೇಳತೊಡಗಿದರು. ಗಿಡ ಇನ್ನಷ್ಟು ಸೊಂಪಾಗಿ ಬೆಳೆಯಿತು.

ಬಹಳ ದಿನಗಳ ಮೇಲೆ, ಒಂದು ಮುಂಜಾನೆ, ಬೂದಣ್ಣ ಬಡಕಲಾಗಿ ಮರಳಿ ಬಂದ. ತೋರುಗಿಡದ ಮುಂದೆ ತಲೆ ತಗ್ಗಿಸಿ, ಈ ಕಾಡಿನಲ್ಲಿ ನನ್ನ ಮಾತು ನಂಬುವವರು ಯಾವ ಕಡೆ ಇದ್ದಾರೆ ಎಂದು ಕೇಳಿದ. ಎಲೆಗಳು ಒಂದೊಂದಾಗಿ ಮಡಚಿಕೊಂಡವು.

"ಯಾಕೆ ಮುಚ್ಚಿತು ಕಣ್ಣವ್ವ?" ಎಂದು ಅವನು ಮೇಲೆ ನೋಡಿದ.

"ಉತ್ತರ ನಿನಗೇ ಗೊತ್ತಿದೆ, ಬೂದಣ್ಣ," ಎಂದಳು ಅವಳು.

ಬೂದಣ್ಣ ಬಂದ ದಾರಿಯಲ್ಲೇ ಹೊರಟುಹೋದ.

ನೀತಿ: ಕಣ್ಣು ಮುಚ್ಚಿಕೊಂಡು ನಂಬು ಎನ್ನುವವರನ್ನು, ಕಣ್ಣು ತೆರೆದು ಪ್ರಶ್ನಿಸಬೇಕು. ನಂಬಿದವರಿಗೆ ಮೋಸ ಮಾಡಿದವನು ನಂಬಿಕೆಯನ್ನೇ ಕಳೆದುಕೊಳ್ಳುತ್ತಾನೆ.